ಕುಂಕುಮ ಹಚ್ಚಿದ ನಾಣ್ಯ

ಮಲ್ಕಾಜ್‌ಗಿರಿಯಲ್ಲಿ ಏಳುತ್ತಿದ್ದ ಅಪಾರ್ಟ್‌ಮೆಂಟಿನ ಹಿಂದೆ ಕಟ್ಟಡ ಕೆಲಸದವರ ತಗಡಿನ ಶೆಡ್‌ಗಳು ಮೂರು ಸಾಲು. ಬೆಳಿಗ್ಗೆ ಆರಕ್ಕೆ ನೀರಿನ ಟ್ಯಾಂಕರ್. ಯಾವ ಸಾಲಿಗೆ ಮೊದಲು ಎಂಬುದನ್ನು ಮೇಸ್ತ್ರಿ ಸಂಗಣ್ಣ ಎರಡು ನಾಣ್ಯಗಳನ್ನು ಒಟ್ಟಿಗೆ ಚಿಮ್ಮಿ ತೀರ್ಮಾನಿಸುತ್ತಿದ್ದ. ಎರಡೂ ಸಿಂಹ ಬಿದ್ದರೆ ಮೊದಲ ಸಾಲು, ಎರಡೂ ಅಂಕಿ ಬಿದ್ದರೆ ಎರಡನೆಯದು, ಒಂದು ಸಿಂಹ ಒಂದು ಅಂಕಿಯಾದರೆ ಮೂರನೆಯದು. ಅವನ ಶೆಡ್ ಇದ್ದದ್ದು ಮೂರನೇ ಸಾಲಿನಲ್ಲಿ.

ಮೊದಲ ಸಾಲಿನ ಬಂಡೆಮ್ಮ ಏಳಕ್ಕೆಲ್ಲ ಸ್ಲ್ಯಾಬಿನ ಮೇಲಿರಬೇಕು. ಸರದಿ ತಡವಾದರೆ ನೀರಿಗೆ ನಿಲ್ಲುವವಳು ಮಗಳು ಭಾಗ್ಯಶ್ರೀ. ಹಾಗೆ ನಿಂತೇ ಆಕೆ ಹತ್ತನೇ ತರಗತಿಯ ಪೂರ್ವಸಿದ್ಧತಾ ಪರೀಕ್ಷೆಯೊಂದನ್ನು ಕಳೆದುಕೊಂಡಿದ್ದಳು. ಮುಖ್ಯ ಪರೀಕ್ಷೆಗೆ ಇನ್ನು ಹತ್ತೇ ದಿನ.

ಬಂಡೆಮ್ಮ ತಗಡಿನ ಗೋಡೆಗೆ ದಿನವೂ ಇದ್ದಿಲಿನಿಂದ ಗೀಟು ಎಳೆದಿಟ್ಟಿದ್ದಳು. ಇಪ್ಪತ್ತು ದಿನದಲ್ಲಿ ಮೊದಲ ಸಾಲಿಗೆ ಐದು, ಎರಡನೆಯದಕ್ಕೆ ನಾಲ್ಕು, ಮೂರನೆಯದಕ್ಕೆ ಹನ್ನೊಂದು.

"ಮೂರು ಸಾಲು, ಮೂರು ಥರ. ಸಮ ಐತಲ್ಲ ಯವ್ವಾ," ಎಂದಳು ಭಾಗ್ಯಶ್ರೀ.

"ಸಮ ಇದ್ರ ಗೀಟು ಯಾಕ ಹಿಂಗ ಹೇಳ್ತಾವ?" ಬಂಡೆಮ್ಮ ಎಣ್ಣೆಯಲ್ಲಿ ಕಲಸಿದ ಕುಂಕುಮವನ್ನು ಒಂದು ನಾಣ್ಯಕ್ಕೆ ಹಚ್ಚಿದಳು. "ಈಗ ನೋಡು. ಕೆಂಪಿಂದು ಸಿಂಹ, ಬಿಳೇದು ಅಂಕಿ. ಕೆಂಪಿಂದು ಅಂಕಿ, ಬಿಳೇದು ಸಿಂಹ. ಇವೆರಡೂ ಒಂದ ಏನು?"

ಭಾಗ್ಯಶ್ರೀ ಪೆನ್ಸಿಲ್ ಹಿಡಿದು ಬರೆದಳು: ಸಿಂಹ-ಸಿಂಹ, ಅಂಕಿ-ಅಂಕಿ, ಸಿಂಹ-ಅಂಕಿ, ಅಂಕಿ-ಸಿಂಹ. ಸಮಾನ ಸಾಧ್ಯತೆಯ ಫಲಿತಾಂಶಗಳು ಮೂರಲ್ಲ, ನಾಲ್ಕು.

"ಯವ್ವಾ! ನಮಗ ನಾಕರಾಗ ಒಂದು, ಅವರಿಗೆ ನಾಕರಾಗ ಎರಡು!"

ಮರುದಿನ ಕೊಡಗಳ ಮುಂದೆ ಬಂಡೆಮ್ಮ ಈ ಮಾತು ಎತ್ತಿದಾಗ ಸಂಗಣ್ಣ ನಕ್ಕ. "ಮೂರಕ್ಕೂ ಸಮ ಐತಿ. ನಸೀಬದ ಜೋಡಿ ಜಗಳ ತೆಗೀತಿ ಏನ್ ಬಂಡೆಮ್ಮಾ?"

"ನಸೀಬಲ್ಲರಿ ಮೇಸ್ತ್ರಿ, ಲೆಕ್ಕ. ಸಮ ಅಂತೀರಲ್ಲ, ಬದಲಿ ಮಾಡ್ಕೊಳ್ರಿ. ಜೋಡಿ ಸಿಂಹ ನಿಮಗ, ಒಂದೊಂದು ಬಿದ್ರ ನಮಗ."

ಸಂಗಣ್ಣ ಹೂಂ ಎನ್ನಲು ಬಾಯಿ ತೆರೆದ. ಭಾಗ್ಯಶ್ರೀ ಕೆಂಪು ನಾಣ್ಯ ಮುಂದೆ ಹಿಡಿದು ನಾಲ್ಕನ್ನೂ ತೋರಿಸಿದಳು. ಸಂಗಣ್ಣ ಬೆರಳು ಮಡಚಿ ತಾನೂ ನಾಲ್ಕು ಎಣಿಸಿದ. ಅವನು ಮೋಸ ಮಾಡಿರಲಿಲ್ಲ. ಮೂರೂ ಸಮವೆಂದು ಅವನೂ ನಂಬಿದ್ದ.

"ಹಂಗಾರ ಏನ್ ಮಾಡೂದವಾ?"

"ಕೆಂಪು ಸಿಂಹ, ಬಿಳಿ ಅಂಕಿ ಬಿದ್ರ ನಿಮ್ಮದು," ಎಂದಳು ಭಾಗ್ಯಶ್ರೀ. " ಕೆಂಪು ಅಂಕಿ, ಬಿಳಿ ಸಿಂಹ ಬಿದ್ರ ಯಾರದೂ ಅಲ್ಲರಿ. ಮತ್ತೊಮ್ಮೆ ಹಾರಿಸ್ಬೇಕು."

ಗಣಿತ ಪರೀಕ್ಷೆಯ ಬೆಳಿಗ್ಗೆ ಮೊದಲು ಬಿದ್ದದ್ದು ಕೆಂಪು ಅಂಕಿ, ಬಿಳಿ ಸಿಂಹ. ಹಳೆಯ ನಿಯಮದಲ್ಲಿ ನೀರು ಮೂರನೇ ಸಾಲಿನದು. "ಮತ್ತೊಮ್ಮೆ," ಎಂದು ಸಂಗಣ್ಣನೇ ನಾಣ್ಯಗಳನ್ನು ಹೆಕ್ಕಿ ಚಿಮ್ಮಿದ. ಬಿಳಿಯದು ಸಿಂಹ. ಕೆಂಪಿನದು ಗಿರ್ರನೆ ಸುತ್ತಿ ಮಲಗಿತು: ಸಿಂಹ! ಮೂರರಲ್ಲಿ ಒಂದರಷ್ಟೇ ಇದ್ದ ಅವಕಾಶ ಒದಗಿ ಬಂದಿತ್ತು. ಮೊದಲ ಸಾಲು ಹೋ ಎಂದಿತು.

ಏಳರೊಳಗೆ ಕೊಡಗಳು ತುಂಬಿ, ಭಾಗ್ಯಶ್ರೀ ಪರೀಕ್ಷೆ ಬರೆಯುವ ರಟ್ಟು ಹಿಡಿದು ಹೊರಟಾಗ ಸಂಗಣ್ಣ ಖಾಲಿ ಕೊಡದೊಂದಿಗೆ ಸರದಿಯಲ್ಲಿದ್ದ.

"ಏ ಭಾಗ್ಯಾ, ನಾಣ್ಯದ ಪ್ರಶ್ನಿ ಬಂದ್ರ ನನ್ನ ಲೆಕ್ಕ ಬರದೀ ಮತ್ತ!"

"ನಿಮ್ಮ ಲೆಕ್ಕ ಬರದ್ರ ಸೊನ್ನಿ ಕೊಡ್ತಾರ್ರಿ ಮೇಸ್ತ್ರಿ!"

ಮೇಲೆ ಸ್ಲ್ಯಾಬಿನಲ್ಲಿ ತಲೆಯ ಮೇಲೆ ಕಾಂಕ್ರೀಟಿನ ಬುಟ್ಟಿ ಹೊತ್ತಿದ್ದ ಬಂಡೆಮ್ಮ ನಕ್ಕದ್ದು ಬೀದಿಯವರೆಗೂ ಕೇಳಿಸಿತು.