ಸೋತ ರಾಜರ ಪಾತ್ರಧಾರಿ

ಈನಿಡ್ ಬಾಣಲೆಯ ಹಿಡಿ ಬಿಡಲಿಲ್ಲ. ಆ ಕಡೆಯಿಂದ ಲಯನಲ್ ಎಳೆಯುತ್ತಲೇ ಇದ್ದ. ಇಬ್ಬರ ಪಕ್ಕದಲ್ಲಿ, ಬರ್ನ್ಲಿ ಊರಿನ ಚರ್ಚಿನೊಳಗೆ, ಅವಳ ಗಂಡ ಸಿರಿಲ್‌ನ ಶವಪೆಟ್ಟಿಗೆ.

"ಒಂದೇ ಒಂದು ಏಟು ಕಣಮ್ಮ. ಪೆಟ್ಟಿಗೆ ಮೇಲೆ ಠಣ್ ಅಂತ. ಜನ ಬಂದಿರೋದೇ ಅದಕ್ಕೆ."

"ಒಳಗೆ ಅವರಿದ್ದಾರೆ."

"ಇದ್ರೇನು? ಈಗೇನು ನೋವಾಗುತ್ತಾ?"

ಹಿಂದಿನ ಬೆಂಚುಗಳಲ್ಲಿ ಕಿಸಕ್ಕೆಂದರು. ಸಿರಿಲ್‌ನ ಸೋದರಳಿಯ ಕ್ಲೈವ್ ಅವಳ ಕಿವಿಯ ಹತ್ತಿರ ಬಗ್ಗಿದ. "ಕೊಟ್ಬಿಡಿ ಅತ್ತೆ. ಮಾವನ್ನ ಜನ ನೆನಪಿಟ್ಟಿರೋದೇ ಆ ಏಟಿಂದ."

ಸುಳ್ಳಲ್ಲ. ಇಪ್ಪತ್ತು ವರ್ಷದ ಹಿಂದೆ, ಪ್ರತಿ ಶುಕ್ರವಾರ ಟಿ.ವಿ.ಯ ಹಾಸ್ಯ ನಾಟಕದಲ್ಲಿ, ಲಯನಲ್‌ನದು ಮನೆಯಲ್ಲೇ ಮಕ್ಕಳಿಗೆ ಇತಿಹಾಸ ಕಲಿಸುವ ಅಪ್ಪನ ಪಾತ್ರ. ಪಾಠದ ಯುದ್ಧ ಸೋಫಾದಲ್ಲಿ ಶುರುವಾಗಿ ಅಡುಗೆಮನೆಯಲ್ಲಿ ಮುಗಿಯುತ್ತಿತ್ತು. ಮಹಡಿಯ ಬಾಡಿಗೆದಾರ ಸಿರಿಲ್. ಸೋತ ರಾಜರೆಲ್ಲ ಅವನೇ. ಕೊನೆಗೆ ಲಯನಲ್ ಕೈಯ ಬಾಣಲೆ ಅವನ ತಲೆಗೆ ಬೀಳುತ್ತಿತ್ತು. "ಸೋತೋನು ಯಾರೋ?" "ನಾನೇ, ಮೇಷ್ಟ್ರೇ!"

*

ಆಗೊಂದು ಶುಕ್ರವಾರ, ಚಿತ್ರೀಕರಣ ಮುಗಿದ ಮೇಲೆ ಈನಿಡ್ ಸಿರಿಲ್‌ನ ರಟ್ಟಿನ ಕಿರೀಟ ತೆಗೆದಳು. ಕೂದಲು ಅದಕ್ಕೆ ಅಂಟಿಕೊಂಡು ಬಂತು.

"ರಬ್ಬರ್ ಬಾಣಲೆ ಎಲ್ಲಿ?"

"ಅದರ ಸದ್ದಿಗೆ ಜನ ನಗಲ್ವಂತೆ ಕಣೇ."

"ನೋವಾಗುತ್ತೆ ಅಂತ ಹೇಳಬಾರದಾ?"

"ಹೇಳ್ದೆ. ಲಯನಲ್ ಅದನ್ನೂ ನಾಟಕಕ್ಕೆ ಸೇರಿಸ್ಕೊಂಡ."

ಆ ವರ್ಷವೇ ಅವನ ಎಡಗಿವಿ ಕೇಳಿಸದಾಯಿತು. ಕೊನೆಗಾಲದಲ್ಲಿ, ಅವಳು ಪಾತ್ರೆ ಕೆಳಗಿಟ್ಟರೂ ಸಾಕು, ಸಿರಿಲ್ ಎರಡೂ ಕೈಯಿಂದ ತಲೆ ಮುಚ್ಚಿಕೊಳ್ಳುತ್ತಿದ್ದ. "ಇನ್ನು ಯಾರೂ ಹೊಡೆಯಲ್ಲ ರೀ. ನಾನು ಬಿಡಲ್ಲ," ಎನ್ನುತ್ತಿದ್ದಳು. ಬೇರೆ ಯಾರಿಗೋ ಹೇಳಿದ್ದೆಂಬಂತೆ ಅವನು ತಲೆಯಾಡಿಸುತ್ತಿದ್ದ.

*

ಲಯನಲ್ ಜನರತ್ತ ತಿರುಗಿದ. "ಗಂಡನಿಗಿಂತ ಹೆಂಡತೀನೇ ಗಟ್ಟಿ, ನೋಡಿ!"

ಚರ್ಚು ನಕ್ಕಿತು. ಅವನು ಬಾಣಲೆ ಬಿಟ್ಟು, ಮುಷ್ಟಿ ಬಿಗಿದು, ಸಿರಿಲ್‌ನ ತಲೆಯಿದ್ದ ಕಡೆ ಪೆಟ್ಟಿಗೆಗೆ ಗುದ್ದಿದ.

"ಸೋತೋನು ಯಾರೋ?"

"ನಾನೇ, ಮೇಷ್ಟ್ರೇ!" ಬೆಂಚುಗಳೆಲ್ಲ ಒಟ್ಟಿಗೆ ಕೂಗಿದವು.

ಈನಿಡ್ ಎರಡೂ ಕೈಯಿಂದ ಬಾಣಲೆ ಎತ್ತಿ ಬೀಸಿದಳು. ಲಯನಲ್ ಮಂಡಿಯೂರಿದ. ಬಿಳಿ ಹೂಗುಚ್ಛದ ಮೇಲೆ ಒಂದು ಹಲ್ಲು ಬಿತ್ತು, ಹಿಂದೆಯೇ ರಕ್ತ.

ನಗು ಸೂರಿಗೆ ಮುಟ್ಟಿತು.

"ನಿಜವಾಗ್ಲೂ... ನಿಜವಾಗ್ಲೂ ಹೊಡೆದ್ಲು..." ಲಯನಲ್ ಜನರತ್ತ ಕೈ ಚಾಚಿದ.

ನಗು ಇನ್ನೂ ಜೋರಾಯಿತು. ಕ್ಲೈವ್‌ನ ಬಾಯಿ ಮಾತ್ರ ತೆರೆದಂತೆಯೇ ನಿಂತಿತ್ತು. ಈನಿಡ್ ಬಾಣಲೆಯನ್ನು ಮತ್ತೆ ಎತ್ತಿದಳು. ಹಿಂದಿನ ಬೆಂಚಿನವರು ಎದ್ದು ನಿಂತು, ಕಣ್ಣೊರೆಸಿಕೊಳ್ಳುತ್ತ, ಚಪ್ಪಾಳೆ ತಟ್ಟುತ್ತಿದ್ದರು.