ಒರೆಸಿಟ್ಟ ಸಿನಿಮಾ

ಜವಳಿ ಅಂಗಡಿ ಶಾಂತಿರಾಜನ ಹೆಂಡತಿ ಪ್ರಭಾವತಿ ಕ್ಯಾಮೆರಾ ಇಲ್ಲದೆ ಸಿನಿಮಾ ಮಾಡುತ್ತಾಳಂತೆ ಎಂದು ಹೊಸನಗರದ ಪೇಟೆಯೆಲ್ಲ ಮೂಗು ಮುರಿದಿತ್ತು. ಮುರಿಯಲಿ ಬಿಡಿ, ಯಾರಪ್ಪನ ಗಂಟು ಹೋಗಬೇಕಿತ್ತು? ಸಾಗರದ ಟಾಕೀಸಿನವರು ಎಸೆದ ಹಳೇ ಫಿಲ್ಮು ತರಿಸಿದಳು. ಬಟ್ಟೆ ಸೋಡಾ ಕಲಸಿದ ನೀರಲ್ಲಿ ತೊಳೆದು ಇದ್ದ ಚಿತ್ರವನ್ನೆಲ್ಲ ಅಳಿಸಿದಳು. ಅದರ ಮೇಲೆ ಅಡಿಕೆ ಬೇಯಿಸಿದ ಚೊಗರು, ಅರಿಶಿನ, ದೀಪದ ಮಸಿ ಬಳಿದಳು. ಅಲ್ಲಲ್ಲಿ ಸೂಜಿಯಿಂದ ಗೀಚಿದಳು. ಮನುಷ್ಯರಿಲ್ಲ, ಕಥೆಯಿಲ್ಲ. ಬಣ್ಣ ಓಡಬೇಕು, ಗೆರೆ ಕುಣಿಯಬೇಕು, ಅಷ್ಟೇ.

"ಇದರ ಅರ್ಥ ಎಂತದೇ?" ಎಂದು ಅತ್ತೆ ಜಿನಮ್ಮ ಕೇಳಿದ್ದಕ್ಕೆ, "ರಂಗೋಲಿಗೆ ಅರ್ಥ ಕೇಳ್ತೀರಾ ಅತ್ತೆ?" ಎಂದಿದ್ದಳು.

ಚಳಿಗಾಲ ಪೂರ್ತಿ ಕೂತು ಮಾಡಿದ್ದು ಓಡುವುದನ್ನು ಮಾತ್ರ ಅವಳೇ ನೋಡಿರಲಿಲ್ಲ. ಸಿನಿಮಾ ಓಡಿಸುವ ಮಿಷನ್ ಇದ್ದದ್ದು ಮುಕುಂದಯ್ಯನ ಟೆಂಟ್ ಸಿನಿಮಾದಲ್ಲಿ. ತೀರ್ಥಹಳ್ಳಿಗೆ ಟೆಂಟ್ ಎತ್ತುವ ಮುಂಚೆ, ಕಡೇ ಆಟದ ದಿನ, ದೊಡ್ಡ ಪಿಕ್ಚರಿಗೆ ಮೊದಲು ಹಾಕಿಸುತ್ತೇನೆ ಎಂದು ಅವನು ಮಾತು ಕೊಟ್ಟಿದ್ದ. ಹಿಂದಿನ ದಿನವೇ ರೀಲನ್ನು ಡಬ್ಬಿಯಲ್ಲಿಟ್ಟು ಅವನ ಕೈಗೆ ಕೊಟ್ಟಿದ್ದಳು.

ಆ ಸಂಜೆ ದೀಪ ಆರಿತು. ಪರದೆ ಬೆಳ್ಳಗಾಯಿತು, ಬೆಳ್ಳಗೇ ಉಳಿಯಿತು. ಜನ ಸಿಳ್ಳೆ ಹೊಡೆದರು. "ಶಾಂತಿರಾಜಣ್ಣನ ಅಂಗಡೀಲಿ ಪಂಚೆ ಮಾರಾಟಕ್ಕಿದೆ" ಎಂದು ಯಾರೋ ನಕ್ಕರು.

ಪ್ರಭಾವತಿ ಎದ್ದು ಸೀದಾ ಮಿಷನ್ನಿನ ಕೋಣೆಗೆ ನುಗ್ಗಿದಳು. ಆಪರೇಟರ್ ದುಗ್ಗಪ್ಪ ಖುಷಿಯಲ್ಲಿದ್ದ. ಬಂದ ರೀಲನ್ನೆಲ್ಲ ಬೆರಳಲ್ಲಿ ಸವರಿ ನೋಡಿ, ಕೊಳೆ ಒರೆಸಿ, ಗೀಚು ಬಿದ್ದ ಕಡೆ ಕತ್ತರಿಸಿ ಅಂಟಿಸುವುದು ಅವನ ದಿನದ ಕೆಲಸ.

"ಸಿಕ್ಕಾಪಟ್ಟೆ ಕೊಳೆ ಇತ್ತಮ್ಮಾ. ಬೆಳಿಗ್ಗೆಯಿಂದ ಕೂತು ಒರೆಸಿದೀನಿ. ಗೀಚು ಬಿದ್ದ ತುಂಡೆಲ್ಲ ತೆಗ್ದೆ. ಈಗ ಕನ್ನಡಿ ಹಂಗಿದೆ."

ಅವಳ ಮೈಯೆಲ್ಲ ಉರಿದುಹೋಯಿತು. ಹಿಂದೆಯೇ ಬಂದ ಮುಕುಂದಯ್ಯನ ಕಡೆ ತಿರುಗಿದಳು. "ಇವನಿಗೆ ನೀವು ಏನೂ ಹೇಳಲಿಲ್ವಾ? ಡಬ್ಬಿ ಬಿಚ್ಚಿಯಾದ್ರೂ ನೋಡಿದ್ರಾ?"

"ನೋಡೋದೆಂತದು ತಂಗೀ? ಹೆಂಗಸರ ಹುಡುಗಾಟ ಅಂತ ಹಾಗೇ ಕೊಟ್ಟೆ. ಹೋಗ್ಲಿ ಬಿಡು, ಇನ್ನೊಂದು ಬಳಿದ್ರಾಯ್ತು."

ಬಳಿದ್ರಾಯ್ತಂತೆ. ಇವನ ಬಾಯಿಗಿಷ್ಟು ಮಣ್ಣು ಹಾಕ. ಅವಳ ಕಣ್ಣಲ್ಲಿ ನೀರು ಬಂತು, ಸಿಟ್ಟಿಗೇ ಬಂತು.

"ಕತ್ತರಿಸಿದ ತುಂಡೆಲ್ಲಿ ದುಗ್ಗಪ್ಪ?"

ಮೂಲೆಯ ಕಸದ ಡಬ್ಬಿಯಲ್ಲಿದ್ದವು, ಒರೆಸದೆ ಎಸೆದದ್ದಕ್ಕೆ ಬಣ್ಣ ಹಾಗೇ ಇತ್ತು. ಅವಳು ಮಿಷನ್ನಿಗೆ ಅಡ್ಡಲಾಗಿ ಸ್ಟೂಲ್ ಎಳೆದು ಕೂತಳು. "ಅವನ್ನ ಜೋಡಿಸಿ ಓಡಿಸೋ ತನಕ ನಿಮ್ಮ ದೊಡ್ಡ ಪಿಕ್ಚರ್ ಓಡಲ್ಲ."

ಹೊರಗೆ ಗಲಾಟೆ ಜೋರಾಯಿತು. ಮುಕುಂದಯ್ಯ ಬೇಡಿದ, ಬೈದ, ಕೊನೆಗೆ ದುಗ್ಗಪ್ಪನಿಗೆ ಕೈಸನ್ನೆ ಮಾಡಿದ. ದುಗ್ಗಪ್ಪ ತಲೆ ತಗ್ಗಿಸಿ ತುಂಡುಗಳನ್ನು ಅಂಟಿಸಿದ.

ಮಸಿಯನ್ನು ಸೀಳಿಕೊಂಡು ಚೊಗರಿನ ಕೆಂಪು ಪರದೆ ತುಂಬ ನುಗ್ಗಿತು. ಗೆರೆಗಳು ಎದ್ದವು, ಬಳುಕಿದವು, ಒಂದರ ಮೇಲೊಂದು ಬಿದ್ದವು. ಸಿಳ್ಳೆ ನಿಂತಿತು. ಮುಕುಂದಯ್ಯ ಕಿಂಡಿಗೆ ಮುಖ ಒತ್ತಿ ನೋಡುತ್ತಿದ್ದ. ಅಷ್ಟರಲ್ಲಿ ಮುಗಿದೇಹೋಯಿತು.

"ಇಷ್ಟೇನಾ?" ಎಂದ ಅವನು, ಕಿಂಡಿಯಿಂದ ಕಣ್ಣು ತೆಗೆಯದೆ.

"ನೀವು ಉಳಿಸಿದ್ದು ಇಷ್ಟೇ" ಎಂದಳು ಪ್ರಭಾವತಿ.