ಮೊದಲ ಹಿಡಿ ಮಣ್ಣು

ತಮ್ಮ ದತ್ತಾತ್ರಿ ತೀರಿಕೊಂಡ ಸುದ್ದಿಯನ್ನು ಧೊಂಡಿಬಾ ತನ್ನ ವಕೀಲರಿಗೆ ತಿಳಿಸಲಿಲ್ಲ. ತಿಳಿಸಬೇಕೆಂದು ಅವನಿಗೆ ಹೊಳೆಯಲೂ ಇಲ್ಲ.

ಅಣ್ಣತಮ್ಮಂದಿರ ವ್ಯಾಜ್ಯ ಖಟಕ ಚಿಂಚೋಳಿಯ ಬಾವಿಯ ಪಕ್ಕದ ಒಂದು ತುಂಡು ಹೊಲದ್ದು. ನಿಜಾಮನ ಆಳ್ವಿಕೆಯಲ್ಲಿ ಶುರುವಾದ ದಾವೆಯನ್ನು ಭಾಲ್ಕಿಯ ಕೋರ್ಟಿನಲ್ಲಿ ದತ್ತಾತ್ರಿ ಗೆದ್ದಿದ್ದ. ಧೊಂಡಿಬಾ ಬೀದರಿಗೆ ಅಪೀಲು ಹೋಗಿದ್ದ. ಬೀದರ ಮೈಸೂರು ರಾಜ್ಯಕ್ಕೆ ಸೇರಿತು, ಕೋರ್ಟಿನ ಬಾಗಿಲ ಮೇಲಿನ ಉರ್ದು ಫಲಕದ ಪಕ್ಕದಲ್ಲಿ ಕನ್ನಡದ್ದೂ ಬಂತು, ಅಪೀಲು ಮಾತ್ರ ನಿಂತಲ್ಲೇ ನಿಂತಿತ್ತು. ಆ ಹೊಲದ ಮೂಲೆಯಲ್ಲಿ ಧೊಂಡಿಬಾ ತನ್ನ ಹೆಂಡತಿ ಗಂಗುಬಾಯಿಯನ್ನು ಮಣ್ಣು ಮಾಡಿದ್ದ. ಅಪೀಲು ಮುಗಿಯುವ ತನಕ ಯಾರೂ ಉಳಬಾರದು, ಏನನ್ನೂ ಕಟ್ಟಬಾರದು ಎಂಬ ತಡೆಯಾಜ್ಞೆಯಿದ್ದುದರಿಂದ ಆಕೆಯ ತಲೆಯ ಬಳಿ ಒಂದು ಕಲ್ಲು ಕೂಡ ಇರಲಿಲ್ಲ. ಅಪೀಲು ಬಿದ್ದರೆ ಆ ಪುಟ್ಟ ದಿಬ್ಬದ ಮೇಲೆ ನೇಗಿಲು ಹರಿಯುತ್ತಿತ್ತು.

ವರ್ಷಗಟ್ಟಲೆ ಮಾತು ಬಿಟ್ಟಿದ್ದ ಅಣ್ಣನೇ ದತ್ತಾತ್ರಿಯ ತಲೆ ಹಿಡಿದು ಗುಂಡಿಗೆ ಇಳಿಸಿದ, ಮೊದಲ ಹಿಡಿ ಮಣ್ಣು ಹಾಕಿದ. ಆ ಕುರುಬ ಮನೆತನದಲ್ಲಿ ಅದು ಹಿರಿಯನ ಪಾಲಿನ ಕೆಲಸ. ಹಾಗೆ ಮಣ್ಣು ಹಾಕಿದವನು ವರ್ಷ ತುಂಬಿ ಎಡೆ ಇಡುವವರೆಗೆ ಸತ್ತವನ ಮನೆಯ ಮೇಲೆ ಯಾವ ತಕರಾರನ್ನೂ ಎತ್ತುವಂತಿಲ್ಲ. ಧೊಂಡಿಬಾ ಕುರಿಗಳನ್ನು ಹೊಡೆದುಕೊಂಡು ಔರಾದ ಕಡೆಯ ಬಯಲಿಗೆ ಹೋದ. ತಾನು ಕಾಯುವಂತೆ ಕೋರ್ಟೂ ಕಾಯುತ್ತದೆಂದು ನಂಬಿದ್ದ.

ದತ್ತಾತ್ರಿಗೆ ಹೋದ ನೋಟೀಸು, ಆಸಾಮಿ ಸತ್ತಿದ್ದಾನೆ ಎಂಬ ಷರಾದೊಂದಿಗೆ ಮರಳಿದಾಗ ವಕೀಲ ಗೌಸೋದ್ದೀನರು ಧೊಂಡಿಬಾನಿಗೆ ಬಾ ಎಂದು ಹೇಳಿ ಕಳಿಸಿದರು.

"ತಮ್ಮ ಯಾವಾಗ ಸತ್ತ?"

"ಜೋಳ ಹಾಲುಗಾಳಿದ್ದಾಗ ರೀ. ಈಗ ಹುಣಸಿ ಬಡದು ಮುಗದದ."

ನಾಲ್ಕು ತಿಂಗಳು ದಾಟಿತ್ತು. ವಕೀಲರು ಲೇಖನಿ ಕೆಳಗಿಟ್ಟರು. "ಸತ್ತವನ ಜಾಗಾದಾಗ ಅವನ ವಾರಸುದಾರರ ಹೆಸರು ಮೂರು ತಿಂಗಳದಾಗ ಸೇರಿಸಬೇಕಿತ್ತಪ್ಪ. ಇಲ್ಲಂದ್ರ ಅಪೀಲು ತಾನಾಗೇ ಬಿದ್ದು ಹೋಗ್ತದ. ನಿಂದು ಬಿದ್ದದ."

"ತಮ್ಮನ ಹೆಂಡ್ತಿ ಸತ್ಯಮ್ಮನ ಹೆಸರು ಬರಸೋದೇನ್ರಿ? ಗಂಡ ಸತ್ತ ದುಃಖದಾಗ?"

"ಕಾಯ್ದೆ ಯಾರ ಮಣ್ಣಿಗೂ ಬರಂಗಿಲ್ಲ ಧೊಂಡಿಬಾ." ಸ್ವಲ್ಪ ತಡೆದು ಅವರು ದನಿ ತಗ್ಗಿಸಿದರು. "ಬಿದ್ದ ಅಪೀಲು ಎಬ್ಬಿಸಲಿಕ್ಕ ಒಂದು ದಾರಿ ಅದ. ನಾ ಔರಾದ ಕಡಿ ಕುರಿ ಹಿಂದ ಇದ್ದೆ, ತಮ್ಮ ಸತ್ತದ್ದು ಗೊತ್ತೇ ಇದ್ದಿಲ್ಲ ಅಂತ ಹೇಳು. ಕುರಿನೇ ಸಾಕ್ಷಿ. ಪಾಪ, ಅವು ಉಲ್ಟಾ ಹೇಳಂಗಿಲ್ಲ."

ಧೊಂಡಿಬಾ ನಗಲಿಲ್ಲ. ಗಂಗುಬಾಯಿಯ ದಿಬ್ಬವನ್ನು ನೆನೆದು ಅರ್ಜಿಗೆ ಹೆಬ್ಬೆಟ್ಟು ಒತ್ತಿದ.

ವಿಚಾರಣೆಯ ದಿನ ದತ್ತಾತ್ರಿಯ ಹೆಂಡತಿ ಸತ್ಯಮ್ಮನೂ ಬಂದಿದ್ದಳು. ಸೆರಗನ್ನು ಹಣೆಯವರೆಗೆ ಎಳೆದುಕೊಂಡು ಗೋಡೆಯ ಬದಿ ನಿಂತಳು. ಗಂಡನ ಅಣ್ಣನೆದುರು ಬಾಯಿ ತೆರೆಯುವ ರೂಢಿ ಅವರ ಮನೆಯಲ್ಲಿರಲಿಲ್ಲ. ಅವನು ಏನೇ ಹೇಳಿದರೂ ಆಕೆ ಅಲ್ಲವೆನ್ನಲಾರಳು. ಅದು ಧೊಂಡಿಬಾನಿಗೆ ಗೊತ್ತಿತ್ತು.

ಮೈಸೂರು ಕಡೆಯಿಂದ ಬಂದಿದ್ದ ನ್ಯಾಯಾಧೀಶರು ಕೇಳಿದರು: "ನಿಮ್ಮ ತಮ್ಮ ತೀರಿಕೊಂಡಿದ್ದು ನಿಮಗೆ ಯಾವಾಗ ಗೊತ್ತಾಯ್ತು?"

ಧೊಂಡಿಬಾ ಸತ್ಯಮ್ಮನ ಬಗ್ಗಿದ ತಲೆಯನ್ನು ನೋಡಿದ.

"ಅವನ ತಲಿ ನಾನೇ ಹಿಡಿದಿದ್ದೆ ರೀ. ಮೊದಲ ಮಣ್ಣು ನಂದೇ. ಅರ್ಜಿದಾಗ ಬರದದ್ದು ಖರೇ ಅಲ್ಲ."

"ಮತ್ತೆ ಯಾಕೆ ತಿಳಿಸಲಿಲ್ಲ?"

"ವರ್ಷ ತುಂಬಿಲ್ಲ ರೀ. ಮಣ್ಣು ಹಾಕಿದೋನು ಅಲ್ಲೀತನಕ ಆ ಮನಿ ಮ್ಯಾಲ ತಕರಾರು ಎತ್ತಂಗಿಲ್ಲ."

ನ್ಯಾಯಾಧೀಶರು ಅರ್ಜಿಯನ್ನು ಮತ್ತೊಮ್ಮೆ ಓದಿದರು. "ನಿಮ್ಮ ಸಂಕಟ ತಿಳೀತು. ಅದನ್ನು ಕಾರಣ ಅಂತ ಬರೆಯೋಕೆ ಕಾನೂನಿನಲ್ಲಿ ಜಾಗ ಇಲ್ಲ," ಎಂದು ಅರ್ಜಿಯನ್ನು ತಳ್ಳಿಹಾಕಿದರು.

ಹೊರಗೆ ಬೇವಿನ ನೆರಳಲ್ಲಿ ವಕೀಲರು ಸಿಡುಕಿದರು. "ಬಾಯಿ ಮುಚ್ಚಿಕೊಂಡಿದ್ರ ಸಾಕಿತ್ತಲ್ಲೋ."

ಸತ್ಯಮ್ಮ ಹತ್ತಿರ ಬಂದು ವಕೀಲರ ಕಡೆ ಮುಖ ಮಾಡಿ ನಿಂತಳು. ಧೊಂಡಿಬಾ ಎರಡು ಮಾರು ದೂರದಲ್ಲಿದ್ದ.

"ವಕೀಲಸಾಬ್, ಭಾವನೋರಿಗಿ ಹೇಳ್ರಿ. ಮಳಿ ಬಿದ್ರ ನಾವು ಆ ಹೊಲ ಬಿತ್ತೋರೇ. ನಮಗೂ ಹೊಟ್ಟಿ ಅದ. ಆದ್ರ ಈಗ ಕೋರ್ಟಿನ ತಡೆ ಹೋಯ್ತಲ್ಲರಿ, ಗಂಗಕ್ಕನ ತಲಿ ಹತ್ರ ಕಲ್ಲು ನಿಲ್ಲಿಸ್ಕೋರಿ ಅನ್ರಿ. ಕಲ್ಲು ಕಂಡ್ರ ನೇಗಿಲು ಸುತ್ತಿ ಹೋಗ್ತದ."

ವಕೀಲರು ತಿರುಗಿದರು. "ಕೇಳಿಸ್ತೇನು, ಮತ್ತ ನಾ ಹೇಳಬೇಕೇನು?"

ಧೊಂಡಿಬಾ ಕೂಡ ವಕೀಲರಿಗೇ ಉತ್ತರ ಕೊಟ್ಟ. "ತಮ್ಮನ ಕಲ್ಲು ವರ್ಷ ತುಂಬಿದ ಮ್ಯಾಲ. ಅದನ್ನೂ ನಾನೇ ತರ್ತೇನಿ ಅಂತ ಹೇಳ್ರಿ."

ಭಾಲ್ಕಿಯ ಬಸ್ಸಿನಲ್ಲಿ ಆಕೆ ಮುಂದೆ ಕುಳಿತಳು, ಅವನು ಹಿಂದೆ. ಹಾದಿಯ ಬದುಗಳಲ್ಲಿ ಬಿದ್ದಿದ್ದ ಕೆಂಪು ಕಲ್ಲುಗಳನ್ನು ಅವನ ಕಣ್ಣು ಒಂದೊಂದಾಗಿ ಅಳೆಯುತ್ತಿತ್ತು.